ಎಪಿಕೆ ಜೊತೆ ಓಬಿಬಿಯನ್ನೂ ನೋಡಿ

ಕಂಪ್ಯೂಟರಿನಿಂದ ಆಂಡ್ರಾಯ್ಡ್ ಫೋನಿಗೆ ಎಪಿಕೆ (ಆ್ಯಪ್ ಇನ್‌ಸ್ಟಾಲ್ ಮಾಡುವ ಫೈಲ್) ಕಾಪಿ ಮಾಡಿ ಇನ್‌ಸ್ಟಾಲ್ ಕೊಟ್ಟರೆ ಗೇಮ್ ಓಡುತ್ತೆ ಅಂತ ಒಂದು ಲೇಖನದಲ್ಲಿ ಓದಿದೆ. ಸಣ್ಣ ಗೇಮ್‌ಗೆ ಸರಿ, ದೊಡ್ಡದಕ್ಕೆ ಸಾಲದು. ಅದರ ಚಿತ್ರ, ಧ್ವನಿ ಎಲ್ಲ ಹಲವು ಸಲ ಓಬಿಬಿ ಅನ್ನೋ ಬೇರೆ ಫೈಲಿನಲ್ಲಿರುತ್ತೆ. ಮೊದಲು ಎಪಿಕೆ ಇನ್‌ಸ್ಟಾಲ್ ಮಾಡಿ, ಗೇಮ್ ತೆರೆಯಬೇಡಿ. ಆಮೇಲೆ ಫೋನಿನ ಆಂಡ್ರಾಯ್ಡ್ ಫೋಲ್ಡರಿನೊಳಗಿನ ಓಬಿಬಿ ಫೋಲ್ಡರಿಗೆ, ಆ ಫೈಲಿರುವ, ಗೇಮಿನ ಪ್ಯಾಕೇಜ್ ಹೆಸರಿನ (ಚುಕ್ಕೆಗಳಿಂದ ಜೋಡಿಸಿದ ಆ್ಯಪ್‌ನ ಒಳಹೆಸರು) ಫೋಲ್ಡರನ್ನು ಇಡಿಯಾಗಿ ಹಾಕಿ. ಹೆಸರಲ್ಲಿ ಒಂದು ಚುಕ್ಕೆ ತಪ್ಪಿದರೂ ಗೇಮ್ ಮತ್ತೆ ಡೌನ್‌ಲೋಡ್ ಕೇಳುತ್ತೆ. ಆಂಡ್ರಾಯ್ಡ್ 11ರಿಂದೀಚೆಗೆ ಫೋನಿನ ಫೈಲ್ ಮ್ಯಾನೇಜರ್‌ಗಳಿಗೆ ಆ ಜಾಗ ಸಾಮಾನ್ಯವಾಗಿ ಸಿಗಲ್ಲ, ಯುಎಸ್‌ಬಿ ಕೇಬಲ್ ಹಾಕಿ ಕಂಪ್ಯೂಟರಿನಿಂದಲೇ ಹಾಕೋದು ಸುಲಭ.

ಫೋನ್ ಕಂಪ್ಯೂಟರಿನಲ್ಲಿ ಕಾಣದಿದ್ದರೆ ನೋಟಿಫಿಕೇಶನ್ ಎಳೆದು 'ಫೈಲ್ ಟ್ರಾನ್ಸ್‌ಫರ್' ಆರಿಸಿ. ಆದರೂ ಕಾಣದಿದ್ದರೆ ಕೇಬಲ್ ನೋಡಿ. ದಾವಣಗೆರೆ ಮಂಡಿಪೇಟೆಯಲ್ಲಿ ಕೊಳ್ಳುವಾಗಲೇ 'ಡೇಟಾ ಕೇಬಲ್ಲಾ?' ಅಂತ ಕೇಳಿ. ಅಗ್ಗದ ಕೆಲವಕ್ಕೆ ಒಳಗೆ ಡೇಟಾ ತಂತಿಯೇ ಇರಲ್ಲ, ಚಾರ್ಜ್ ಮಾತ್ರ ಆಗುತ್ತೆ.

'ಆ್ಯಪ್ ನಾಟ್ ಇನ್‌ಸ್ಟಾಲ್ಡ್' ಬಂದರೆ ಜಾಗದ ಕೊರತೆಯೇ ಇರಬೇಕೆಂದಿಲ್ಲ. ಅದೇ ಗೇಮಿನ ಹಳೇ ಪ್ರತಿ ಫೋನಿನಲ್ಲಿದ್ದು, ಅದು ಬೇರೆ ಸಹಿಯದ್ದಾಗಿದ್ದರೂ (ಆ್ಯಪ್ ತಯಾರಿಸಿದವರ ಡಿಜಿಟಲ್ ಗುರುತು) ಹೀಗಾಗುತ್ತೆ. ಹಳೇದನ್ನು ತೆಗೆಯಬೇಕು, ಆದರೆ ಫೋನಿನಲ್ಲೇ ಉಳಿಸಿದ ಆಟವೂ ಓಬಿಬಿಯೂ ಅದರ ಜೊತೆ ಅಳಿಸಿಹೋಗುತ್ತವೆ. ಪ್ಲೇ ಸ್ಟೋರ್ ಹೊರಗಿನ ಎಪಿಕೆ ಹಾಕಲು ಕೊಟ್ಟ ಅಪರಿಚಿತ ಆ್ಯಪ್ ಅನುಮತಿಯನ್ನು ಕೆಲಸ ಮುಗಿದ ಮೇಲೆ ದಯವಿಟ್ಟು ಆಫ್ ಮಾಡಿ, ಮಕ್ಕಳ ಕೈಗೆ ಹೋಗೋ ಫೋನಾದರಂತೂ ಮರೆಯಲೇಬೇಡಿ.