ಪೆಗಿ ಆಶ್‌ಕ್ರಾಫ್ಟ್‌ಗೆ 77ರಲ್ಲಿ ಅದೃಷ್ಟ ಖುಲಾಯಿಸಿದ್ದಲ್ಲ

"ನೋಡಿ, ಈ ಅಜ್ಜಿಗೆ 77ನೇ ವಯಸ್ಸಿನಲ್ಲಿ ಆಸ್ಕರ್ ಬಂತು, ನೀವೂ ಕಾಯಿರಿ" ಅಂತ ಪೆಗಿ ಆಶ್‌ಕ್ರಾಫ್ಟ್ ಫೋಟೋ ಹಾಕಿ ಬರೆಯುವವರನ್ನು ಕಂಡರೆ ನನಗೆ ಸಿಟ್ಟು ಬರುತ್ತದೆ. ಆಕೆ ಯಾವುದಕ್ಕೂ ಕಾಯುತ್ತಾ ಕೂತಿರಲಿಲ್ಲ. ಐವತ್ತು ವರ್ಷದಿಂದ ಇಂಗ್ಲಿಷ್ ರಂಗಭೂಮಿಯ ದೊಡ್ಡ ನಟಿಯಾಗಿದ್ದವಳು. ಕ್ಯಾಮೆರಾ ಜಾಸ್ತಿ ಆ ಕಡೆ ತಿರುಗಿರಲಿಲ್ಲ, ಅಷ್ಟೇ.

ಹುಟ್ಟಿದ್ದು 1907ರಲ್ಲಿ, ಲಂಡನ್ ಪಕ್ಕದ ಕ್ರಾಯ್ಡನ್‌ನಲ್ಲಿ. ಅಪ್ಪ ಮೊದಲ ಮಹಾಯುದ್ಧದಲ್ಲಿ ಸತ್ತರು. 1930ರಲ್ಲಿ ಲಂಡನ್ನಿನ ಸವಾಯ್ ಥಿಯೇಟರಿನಲ್ಲಿ ಕರಿಯ ನಟ ಪಾಲ್ ರೋಬ್ಸನ್ ಶೇಕ್ಸ್‌ಪಿಯರ್ ನಾಟಕದ ಒಥೆಲೊ ಆದಾಗ ಈಕೆ ಅವನ ಹೆಂಡತಿ ಡೆಸ್ಡೆಮೋನಾ. ಆಗಿನ್ನೂ 22 ವರ್ಷ! ಬಿಳಿ ಹುಡುಗಿ ಕರಿಯನಿಗೆ ವೇದಿಕೆ ಮೇಲೆ ಮುತ್ತಿಡುವುದೇ ಎಂದು ಬೈದು ಪತ್ರ ಬರೆದರು ಜನ. ಆಕೆ ಹೆದರಲಿಲ್ಲ. 1935ರಲ್ಲಿ ಜೂಲಿಯೆಟ್ ಆದಳು. ಇಂಗ್ಲಿಷ್ ರಂಗಭೂಮಿಯ ಹೆಸರಾಂತ ನಟರಾದ ಗೀಲ್‌ಗುಡ್ ಮತ್ತು ಒಲಿವಿಯೆ ಇಬ್ಬರೂ ರೋಮಿಯೊ ಪಾತ್ರವನ್ನು ಅದಲು ಬದಲು ಮಾಡಿಕೊಂಡ ನಾಟಕ ಅದು. ರೋಮಿಯೊ ಬದಲಾದರೂ ಜೂಲಿಯೆಟ್ ಆಕೆಯೇ. ಇದೆಲ್ಲ ಈಗ ನೋಡೋಕೆ ಸಿಗಲ್ಲ. ನಾಟಕ ಅಂದರೆ ಹಾಗೇ ಅಲ್ವಾ, ಪರದೆ ಬಿದ್ದ ಮೇಲೆ ನೋಡಿದವರ ನೆನಪಲ್ಲಷ್ಟೇ ಇರುತ್ತದೆ.

ಸಿನಿಮಾ ಮಾಡಲೇ ಇಲ್ಲ ಅಂತಲ್ಲ. ಹಿಚ್‌ಕಾಕ್‌ನ 'ದಿ 39 ಸ್ಟೆಪ್ಸ್'ನಲ್ಲಿ ಮುಂಗೋಪಿ ರೈತನ ಹೆಂಡತಿಯಾಗಿ ಕೆಲವೇ ನಿಮಿಷ ಬರುತ್ತಾಳೆ, ಆದರೂ ಆ ಮುಖ ಮರೆಯಲ್ಲ. ಮನಸ್ಸಿದ್ದದ್ದು ಮಾತ್ರ ನಾಟಕದ ತಂಡಗಳಲ್ಲಿ. ಪೀಟರ್ ಹಾಲ್ ರಾಯಲ್ ಶೇಕ್ಸ್‌ಪಿಯರ್ ಕಂಪನಿ ಕಟ್ಟಿದಾಗ ಜೊತೆಗೆ ನಿಂತವರಲ್ಲಿ ಈಕೆಯೂ ಒಬ್ಬಳು.

ಇನ್ನು 1984ರ ಆ ಆಸ್ಕರ್ ಸಿನಿಮಾ. ಡೇವಿಡ್ ಲೀನ್ 'ಎ ಪ್ಯಾಸೇಜ್ ಟು ಇಂಡಿಯಾ'ದ ಬಹುಪಾಲು ತೆಗೆದದ್ದು ನಮ್ಮ ಬೆಂಗಳೂರಿನ ಸುತ್ತಮುತ್ತಲೇ. ಅರಮನೆ ಮೈದಾನದಲ್ಲಿ ಸೆಟ್ ಹಾಕಿದ್ದರು, ಕಥೆಯಲ್ಲಿ ಬರುವ ಗುಹೆಗಳಿಗೆ ಸಾವನದುರ್ಗ, ರಾಮನಗರದ ಬಂಡೆಗಳು. ರಾಮನಗರ ಅಂದ ಕೂಡಲೇ ಎಲ್ಲರೂ 'ಶೋಲೆ' ಅಂತಾರೆ, ಪೆಗಿ ಹೆಸರು ಯಾರೂ ಎತ್ತಲ್ಲ, ನನಗೆ ಬೇಜಾರು. ಆಕೆ ಮಾಡಿದ ಪಾತ್ರ, ಇಂಡಿಯಾಕ್ಕೆ ಬಂದ ಇಂಗ್ಲಿಷ್ ಅಜ್ಜಿ ಮಿಸೆಸ್ ಮೂರ್, ಗುಹೆಯೊಳಗೆ ಜನರ ನಡುವೆ ಸಿಕ್ಕಿಕೊಳ್ಳುತ್ತಾಳೆ. ಪ್ರತಿಧ್ವನಿ ಗುಂಯ್‌ಗುಡುತ್ತದೆ, ಉಸಿರು ಕಟ್ಟುತ್ತದೆ, ಹೇಗೋ ಹೊರಗೆ ಬಂದು ಕುರ್ಚಿಯಲ್ಲಿ ಕೂರುತ್ತಾಳೆ. ಅರಚಾಟ ಇಲ್ಲ. ಒಳಗೆ ಏನೋ ಮುರಿದುಹೋಗಿದೆ ಅಂತ ಆ ಕೂತ ಭಂಗಿಯಲ್ಲೇ ಗೊತ್ತಾಗುತ್ತದೆ. ಅದೇ 1984ರಲ್ಲಿ ಟೀವಿಯಲ್ಲಿ 'ದಿ ಜ್ಯುವೆಲ್ ಇನ್ ದಿ ಕ್ರೌನ್' ಧಾರಾವಾಹಿ ಬಂತು. ಅದರಲ್ಲಿ ಯಾರಿಗೂ ಬೇಡವಾದ ನಿವೃತ್ತ ಮಿಷನರಿ ಟೀಚರ್ ಬಾರ್ಬಿ ಆಕೆ. ನನ್ನನ್ನು ಕೇಳಿದರೆ ಮಿಸೆಸ್ ಮೂರ್‌ಗಿಂತ ಬಾರ್ಬಿಯೇ ಒಂದು ಕೈ ಮೇಲು.

ಇವೆರಡೂ ಮುದುಕಿಯ ಪಾತ್ರಗಳು, ಹಾಗಾಗಿ ನಮ್ಮ ಕಣ್ಣಲ್ಲಿ ಆಕೆ ಮುದುಕಿಯಾಗಿಯೇ ಉಳಿದಳು. ಅದು ಸರಿಯಲ್ಲ. 1963ರಲ್ಲಿ ಶೇಕ್ಸ್‌ಪಿಯರ್‌ನ ಊರು ಸ್ಟ್ರಾಟ್‌ಫರ್ಡ್‌ನಲ್ಲಿ ಶುರುವಾದ, ಇಂಗ್ಲೆಂಡಿನ ಗದ್ದುಗೆ ಜಗಳದ ಅವನ ನಾಟಕಗಳನ್ನು ಸೇರಿಸಿ ಕಟ್ಟಿದ 'ದಿ ವಾರ್ಸ್ ಆಫ್ ದಿ ರೋಸಸ್' ನಾಟಕಗಳನ್ನು ಬಿಬಿಸಿ ಚಿತ್ರೀಕರಿಸಿ 1965ರಲ್ಲಿ ತೋರಿಸಿತ್ತು, ಅದು ಉಳಿದಿದೆ. ಐವತ್ತೈದು ದಾಟಿದ ಹೆಂಗಸು ಫ್ರಾನ್ಸಿನಿಂದ ಬಂದ ಎಳೆ ರಾಜಕುಮಾರಿ ಮಾರ್ಗರೆಟ್ ಆಗಿ ಶುರುಮಾಡಿ, ಶಾಪ ಹಾಕುತ್ತಾ ಅಲೆಯುವ ಹಣ್ಣು ಮುದುಕಿಯಾಗುವವರೆಗೂ ಹೋಗುತ್ತಾಳೆ, ಮಾತಿನಲ್ಲಿ ಫ್ರೆಂಚರ 'ರ' ಬೇರೆ. ಪೂರ್ತಿ ನೋಡಲು ಪುರುಸೊತ್ತಿಲ್ಲದಿದ್ದರೆ ಗದ್ದುಗೆಗಾಗಿ ಎದುರು ನಿಂತು ಸೋತು ಸಿಕ್ಕಿಬಿದ್ದ ಯಾರ್ಕ್‌ನ ತಲೆಗೆ ಕಾಗದದ ಕಿರೀಟ ಇಟ್ಟು, ಅವನ ಮಗನ ರಕ್ತದಲ್ಲಿ ಅದ್ದಿದ ಬಟ್ಟೆಯನ್ನು ಅವನಿಗೇ ಕೊಡುವ ದೃಶ್ಯ ಒಂದನ್ನಾದರೂ ಹುಡುಕಿ ನೋಡಿ. ಆಮೇಲೆ ಆ ಆಸ್ಕರ್ ಪೋಸ್ಟ್ ಹಂಚಿಕೊಳ್ಳಬೇಕೋ ಬೇಡವೋ ನೀವೇ ಹೇಳಿ.