ಬಯಕೆ ಊಟಕ್ಕೆ ಜನವರಿಯ ಡೇಟು

ಭೂಮಿ ಹುಣ್ಣಿಮೆಯ ಸಾಕ್ಷ್ಯಚಿತ್ರವನ್ನು ಜನವರಿಯಲ್ಲಿ ತೆಗೆಯುವುದೇ ಜಾಣತನ. ಆಶ್ವಯುಜದ ಹುಣ್ಣಿಮೆಗೆ ಸಾಗರ, ಸೊರಬದ ಕಡೆ ಮಳೆಯನ್ನು ನಂಬುವಂತಿಲ್ಲ. ಗದ್ದೆಯಂಚು ಜಾರುತ್ತದೆ, ಕಾಲಿಗೆ ಉಂಬಳ ಹತ್ತುತ್ತದೆ. ಇರುವುದು ಒಂದೇ ತೊಡಕು. ಹಬ್ಬ ಹೊಡೆ ತುಂಬಿದ ಭತ್ತದ್ದು, ಬಸುರಿ ಪೈರಿಗೆ ಬಯಕೆ ಊಟ. ಜನವರಿಯಲ್ಲಿ ಗದ್ದೆಯಲ್ಲಿರುವುದು ಕೂಳೆ. ಹೆತ್ತು, ಕಣಕ್ಕೆ ಹೋಗಿ, ಮಿಲ್ಲನ್ನೂ ನೋಡಿಯಾದ ಮೇಲೆ ಬಯಕೆ! ಚಿಂತೆ ಬೇಡ, ಲೆನ್ಸನ್ನು ಎಫ್ 1.8ಕ್ಕೆ ತೆರೆಯಿರಿ. ಹಿನ್ನೆಲೆ ಮಸುಕಾದ ಮೇಲೆ ಕೂಳೆಯೋ ಪೈರೋ ದೆಹಲಿಯ ತೀರ್ಪುಗಾರರಿಗೆ ತಿಳಿಯುವುದಿಲ್ಲ.

ಹೆಂಗಸರು ರಾತ್ರಿಯಿಡೀ ಬೇಯಿಸಿದ್ದನ್ನು ಗಂಡಸರು ಬೆಳಕು ಹರಿಯುವ ಮೊದಲೇ ಗದ್ದೆಗೆ ಒಯ್ದು ಚರಗ ಬೀರುತ್ತಾರೆ, ಅಂದರೆ ಪೈರಿಗೆ ಎಡೆಯಾಗಿ ಎರಚುತ್ತಾರೆ. ಆ ಕತ್ತಲಲ್ಲಿ ಐಎಸ್‌ಒ (ಬೆಳಕಿಗೆ ಕ್ಯಾಮೆರಾದ ಸೂಕ್ಷ್ಮತೆ) 12800ಕ್ಕೆ ಏರಿಸಿದರೆ ಚಿತ್ರದ ತುಂಬ ಕಾಳು ಕಾಳು. ಆದ್ದರಿಂದ ಹತ್ತು ಗಂಟೆಗೆ ಬೀರಿಸಿ, ಆಮೇಲೆ ಬಣ್ಣ ತಿದ್ದುವ ಗ್ರೇಡಿಂಗಿನಲ್ಲಿ ನೀಲಿ ಬಳಿಯಿರಿ, ಬೆಳಗಿನ ಜಾವ ತಯಾರು. ನೆಲದ ಮೇಲೆ ಬಿಸಿಲಿನ ನೆರಳು ಬಿದ್ದರೆ ಫ್ರೇಮು ಸೊಂಟದಿಂದ ಮೇಲಿರಲಿ. (ಅವರದೇ ಟಾರ್ಚಿನ ಬೆಳಕಲ್ಲಿ ಒಳ್ಳೆಯ ಶಾಟ್ ಸಿಗುತ್ತದೆ, ನಿಜ. ಅದಕ್ಕೆ ನಾವೂ ಅವರಷ್ಟೇ ಬೇಗ ಏಳಬೇಕಲ್ಲ.)

ಆ ಅಡುಗೆಯನ್ನು ಗದ್ದೆಗೆ ಹೊರುವ ಭೂಮಣ್ಣಿ ಬುಟ್ಟಿಗೆ ಸಗಣಿ ಸಾರಿಸಿ, ಒಣಗಿಸಿ, ಕೆಮ್ಮಣ್ಣು ಬಳಿದು, ಮತ್ತೆ ಒಣಗಿಸಿ, ಅಕ್ಕಿಹಿಟ್ಟಿನ ಬಿಳಿಯನ್ನು ಪುಂಡಿನಾರಿನ ಕುಂಚದಲ್ಲಿ ಎಳೆಯಬೇಕು. ಕೆಮ್ಮಣ್ಣು ಹಸಿಯಿದ್ದರೆ ಗೆರೆ ಹರಡುತ್ತದೆ. ಒಣಗಿಸಲು ಶೆಡ್ಯೂಲಿನಲ್ಲಿ ಜಾಗವಿಲ್ಲ. ಹೋದ ಹಬ್ಬದ ಬುಟ್ಟಿಯನ್ನೇ ಅಟ್ಟದಿಂದ ಇಳಿಸಿ, ಅಜ್ಜಿಯ ಕೈಗೆ ಒಣ ಕುಂಚ ಕೊಟ್ಟು, ಇರುವ ಗೆರೆಯ ಮೇಲೆ ಆಡಿಸಲು ಹೇಳಿ.

"ಅಜ್ಜೀ, ಕ್ಯಾಮೆರಾ ನೋಡಬೇಡಿ."

"ಮೂಗಿನ ಮುಂದೇ ತಂದಿಟ್ಟಿದೀಯಲ್ಲ ಮಾರಾಯ, ಮತ್ತೆಲ್ಲಿ ನೋಡ್ಲಿ?"

ಇಡೀ ಚಿತ್ರದಲ್ಲಿ ಜೀವವಿರುವ ಮಾತು ಇದೊಂದೇ. ಎಡಿಟಿಂಗಿನಲ್ಲಿ ಕತ್ತರಿಸಿ.

ಪ್ಲಾಸ್ಟಿಕ್ ಕುರ್ಚಿ, ಬೈಕು ಹಿತ್ತಿಲಿಗೆ. ಫ್ರಿಜ್ಜಿನ ಗುಂಯ್‌ಗುಡುವ ಸದ್ದು ಮೈಕಿಗೆ ಬರುವುದರಿಂದ ಅದನ್ನು ಆಫ್ ಮಾಡಿ, ಕಾರಿನ ಕೀಲಿಯನ್ನು ಅದರೊಳಗಿಡಿ. ಅನುಭವಸ್ಥ ಸೌಂಡ್‌ನವರ ಉಪಾಯವಿದು: ಕೀಲಿ ಹುಡುಕುವಾಗಲಾದರೂ ಸ್ವಿಚ್ಚು ನೆನಪಾಗಿ, ಮನೆಯವರ ಹಾಲು ಉಳಿಯುತ್ತದೆ. ಟ್ಯೂಬ್‌ಲೈಟ್ ಆರಿಸಿ ಚಿಮಣಿ ಹಚ್ಚಿಸಿ. ಲಿಂಗನಮಕ್ಕಿ ಅಣೆಕಟ್ಟೆ 1964ರಲ್ಲೇ ಎದ್ದು, ಊರೂರೇ ಮುಳುಗಿ ನಾಡಿಗೆಲ್ಲ ಕರೆಂಟು ಕೊಟ್ಟ ಸೀಮೆ ಸಿನಿಮಾದಲ್ಲಂತೂ ಚಿಮಣಿ ಬೆಳಕಲ್ಲೇ ಬದುಕಬೇಕು.

ಡ್ರೋನ್ ಇರಲೇಬೇಕು. ಅಡಿಕೆ ತೋಟದ ಮೇಲೆ ಹಾರಿಸಿದರೆ ಸೋಗೆಯ ತುದಿ ಬಿಟ್ಟು ಏನೂ ಕಾಣದು. ಅದರ ಗದ್ದಲದಲ್ಲಿ ಕೆಳಗಿನವರ ಹಾಡು ಕೇಳದು. ಕೊಳಲು ಹಾಕಿ.

ಕೊನೆಗೆ ಒಪ್ಪಿಗೆ ಪತ್ರ. ಇಂಗ್ಲಿಷಿನಲ್ಲಿರಲಿ, 'ವಿಶ್ವದಾದ್ಯಂತ, ಶಾಶ್ವತವಾಗಿ' ಎಂಬ ಸಾಲನ್ನು ಓದಿ ಹೇಳುವ ಅಗತ್ಯವಿಲ್ಲ. ಮನೆಯ ಯಜಮಾನರು ಹೈಸ್ಕೂಲಿನ ನಿವೃತ್ತ ಮೇಷ್ಟ್ರಾದರೂ ಸಹಿ ಬೇಡ, ಹೆಬ್ಬೆಟ್ಟೇ ಒತ್ತಿಸಿ. ಕ್ಲೋಸಪ್ ಚೆನ್ನಾಗಿ ಬರುತ್ತದೆ. ಇಂಕ್ ಪ್ಯಾಡ್ ಮಾತ್ರ ಮರೆಯದೆ ತನ್ನಿ, ಆ ಮನೆಯಲ್ಲಿ ಸಿಗುವುದು ಪೆನ್ನು ಮಾತ್ರ.