ಹಂಡೆಯೂ ಗೋಣಿಬಟ್ಟೆಯೂ

ಸೇನಾ ಸರ್ವಾಧಿಕಾರಿ ಪಿನೊಶೆಯ ಆಡಳಿತದ ಚಿಲಿಯಲ್ಲಿ ಮಹಿಳೆಯರು ಮಾಡಿದ ಕೆಲಸಗಳ ಕುರಿತ ಲೇಖನವೊಂದರಲ್ಲಿ, ಅವರು ನಡೆಸಿದ ಸಾಮೂಹಿಕ ಅಡುಗೆಯನ್ನು ಲೇಖಕರು ಬರಿಯ ‘ಸೇವಾಕಾರ್ಯ’ ಎಂದು ಕರೆದಿರುವುದನ್ನು ನಾನು ಒಪ್ಪಲಾರೆ. 1973ರ ಸೆಪ್ಟೆಂಬರ್ 11ರ ಸೇನಾದಂಗೆಯ ನಂತರ ಪಕ್ಷಗಳನ್ನೂ ಕಾರ್ಮಿಕ ಸಂಘಗಳನ್ನೂ ಹತ್ತಿಕ್ಕಲಾಗಿ, ಗಂಡಸರು ಕೆಲಸ ಕಳೆದುಕೊಂಡೋ ಸೆರೆಯಾಗಿಯೋ ಮನೆಗಳು ಬರಿದಾದಾಗ, ಸಾಂಟಿಯಾಗೊದ ಬಡ ಬಡಾವಣೆಗಳ ಹೆಂಗಸರು ಇದ್ದಬದ್ದ ದಿನಸಿಯನ್ನು ಒಟ್ಟುಗೂಡಿಸಿ ಒಂದೇ ಹಂಡೆಯಲ್ಲಿ ಬೇಯಿಸಿ ಹಂಚಿಕೊಂಡರು. ‘ಓಯಾ ಕೊಮುನ್’, ಅಂದರೆ ಎಲ್ಲರ ಪಾತ್ರೆ, ಎಂಬುದೇ ಅದರ ಹೆಸರು. ನಾಲ್ಕು ಜನ ಸೇರುವುದನ್ನೇ ಅನುಮಾನದಿಂದ ನೋಡುವ ಆಡಳಿತದಲ್ಲಿ ಹೀಗೆ ದಿನವೂ ಒಲೆಯ ಸುತ್ತ ಸೇರುವುದು ಸೇವೆಯಷ್ಟೇ ಹೇಗಾದೀತು?

ಲೇಖಕರು ಒಂದೇ ವಾಕ್ಯದಲ್ಲಿ ಮುಗಿಸಿಬಿಟ್ಟ ‘ಅರ್ಪಿಯೆರಾ’ಗಳ, ಅಂದರೆ ಗೋಣಿಬಟ್ಟೆಯ ಮೇಲೆ ಹೊಲಿದ ಚಿತ್ರಗಳ, ಬಗ್ಗೆ ಇನ್ನಷ್ಟು ಬರೆಯಬಹುದಿತ್ತು. ಆಡಳಿತದವರು ಹಿಡಿದೊಯ್ದ ಮೇಲೆ ನಾಪತ್ತೆಯಾದವರ ತಾಯಂದಿರು, ಹೆಂಡಂದಿರು ಚರ್ಚಿನ ಆಶ್ರಯದಲ್ಲಿ ಒಟ್ಟಿಗೆ ಕುಳಿತು, ಗೋಣಿಬಟ್ಟೆಯ ಮೇಲೆ ಹಳೆಯ ಬಟ್ಟೆಯ ಚೂರುಗಳನ್ನು ಹೊಲಿದು, ಮುಚ್ಚಿದ ಕಾರ್ಖಾನೆಯನ್ನೂ ‘ಅವರೆಲ್ಲಿ?’ ಎಂದು ಕೇಳುವ ಹೆಂಗಸರನ್ನೂ ಚಿತ್ರಿಸಿದರು. ಹಿಂದೆ ಆಂಡಿಸ್ ಬೆಟ್ಟಸಾಲು, ಮೇಲೆ ಹೊಳೆಯುವ ಸೂರ್ಯ. ದೂರದಿಂದ ನೋಡಿದರೆ ಮಕ್ಕಳ ಕೋಣೆಗೆ ಹೊಲಿದದ್ದೆನ್ನಬೇಕು! 1976ರಲ್ಲಿ ಕಾರ್ಡಿನಲ್ ರೌಲ್ ಸಿಲ್ವಾ ಎನ್ರಿಕೆಸ್ ಸ್ಥಾಪಿಸಿದ ‘ವಿಕಾರಿಯಾ ದೆ ಲಾ ಸೊಲಿದರಿದಾದ್’ ಎಂಬ ಚರ್ಚಿನ ಮಾನವ ಹಕ್ಕುಗಳ ಸಂಸ್ಥೆ ಇವುಗಳನ್ನು ವಿದೇಶಗಳಲ್ಲಿ ಮಾರಲು ನೆರವಾಯಿತು. ಹೊಲಿದವರ ಕೈಗೆ ನಾಲ್ಕು ಕಾಸು ಬಂತು. ದೇಶದೊಳಗಿನ ಪತ್ರಿಕೆಗಳು ಅಚ್ಚು ಹಾಕಲಾಗದ ಸುದ್ದಿ ಬಟ್ಟೆಯ ರೂಪದಲ್ಲಿ ಗಡಿ ದಾಟಿತು.